ಯಮಹಾ ವಿಎಲ್1 ಸಿಗದವರಿಗೆ: ಉಸಿರಿಗೆ ಮಣಿಯುವ ಸಿಂಥ್ ಅನ್ನು ಕಂಪ್ಯೂಟರಿನಲ್ಲಿ ಕಟ್ಟಿಕೊಳ್ಳುವ ಬಗೆ

"ವಿಎಲ್70-ಎಂ ಎಲ್ಲಿ ಸಿಗುತ್ತೆ? ಸಿಗದಿದ್ರೆ ಅದಕ್ಕೆ ಸರಿಯಾದ ಪ್ಲಗಿನ್ ಯಾವುದು?" ಸಿಂಥ್ (ವಿದ್ಯುನ್ಮಾನವಾಗಿ ಧ್ವನಿ ಹುಟ್ಟಿಸುವ ವಾದ್ಯ) ಗೀಳಿನ ಓದುಗರು ತಿರುಗಾಮುರುಗಾ ಕೇಳುವ ಪ್ರಶ್ನೆ ಇದು. ವಿಎಲ್ ಅನ್ನುವುದು ಯಮಹಾದ ಹಳೆಯ ಸಿಂಥ್ ಸರಣಿ, ವಿಎಲ್70-ಎಂ ಅದರಲ್ಲೊಂದು ಸಣ್ಣ ಯಂತ್ರ. ಪ್ಲಗಿನ್ ಅಂದರೆ ಕಂಪ್ಯೂಟರಿನಲ್ಲಿ ಸಂಗೀತ ಜೋಡಿಸುವ ಸಾಫ್ಟ್‌ವೇರಿನೊಳಗೆ ಕೂರುವ ವಾದ್ಯ. ಒಂದೇ ಸಾಲಿನ ಉತ್ತರ ಬೇಕಿದ್ದರೆ, ಅದರ ಜಾಗಕ್ಕೆ ಹಾಗೆಯೇ ಕೂರುವ ಒಂದು ಪ್ಲಗಿನ್ ಇಲ್ಲ. ವಿಎಲ್ ಹೆಸರಿನಲ್ಲಿ ಜನ ಕೇಳುವ ಮೂರು ಬೇರೆ ಬೇರೆ ಕೆಲಸಗಳಿಗೆ ಮೂರು ಬಗೆಯ ಸಾಫ್ಟ್‌ವೇರ್ ಇವೆ. ಆದರೆ ಹೆಚ್ಚಿನವರು ಎಡವುವುದು ಸಾಫ್ಟ್‌ವೇರ್ ಆಯ್ಕೆಯಲ್ಲಲ್ಲ. ಅದಕ್ಕೆ ಉಸಿರು ಕೊಡುವ ವ್ಯವಸ್ಥೆಯನ್ನೇ ಮರೆತಿರುತ್ತಾರೆ. ಆದ್ದರಿಂದ ಈ ಲೇಖನದಲ್ಲಿ ಪ್ಲಗಿನ್ ಹೆಸರುಗಳಿಗಿಂತ ಉಸಿರಿನ ಜೋಡಣೆಗೇ ಹೆಚ್ಚು ಜಾಗ.

ವಿಎಲ್ ಅಂದರೆ ಏನು

ಮಾಮೂಲಿ ಕೀಬೋರ್ಡಿನಲ್ಲಿರುವ ಕೊಳಲು ಧ್ವನಿಮುದ್ರಿಸಿಟ್ಟ ಕೊಳಲು. ಕೀ ಒತ್ತಿದಾಗ ಆ ಮುದ್ರಿಕೆ ಓಡುತ್ತದೆ. ಇದಕ್ಕೆ ಸ್ಯಾಂಪಲ್ ಎನ್ನುತ್ತಾರೆ. 1994ರಲ್ಲಿ ಬಂದ ಯಮಹಾ ವಿಎಲ್1ರಲ್ಲಿ ಮುದ್ರಿಕೆಯೇ ಇರಲಿಲ್ಲ. ರೀಡ್ (ಊದಿದಾಗ ಅದುರುವ ತೆಳು ಪಟ್ಟಿ), ತುಟಿ, ಕಮಾನು, ಕೊಳವೆ, ತಂತಿ ಇವು ಹೇಗೆ ಕಂಪಿಸುತ್ತವೆ ಎಂಬುದನ್ನು ಅದು ಆಯಾ ಕ್ಷಣದಲ್ಲೇ ಲೆಕ್ಕ ಹಾಕಿ ಧ್ವನಿ ಹುಟ್ಟಿಸುತ್ತಿತ್ತು. ಇದೇ ಫಿಸಿಕಲ್ ಮಾಡೆಲಿಂಗ್, ಅಂದರೆ ವಾದ್ಯದ ಭೌತಶಾಸ್ತ್ರವನ್ನೇ ಮಾದರಿಯಾಗಿ ಕಟ್ಟುವುದು. ಅದರ ಹಿಂದಿನ ಗಣಿತ ಅಮೆರಿಕದ ಸ್ಟ್ಯಾನ್‌ಫರ್ಡ್ ವಿಶ್ವವಿದ್ಯಾಲಯದಲ್ಲಿ ಜೂಲಿಯಸ್ ಸ್ಮಿತ್ ಬೆಳೆಸಿದ ವೇವ್‌ಗೈಡ್ ವಿಧಾನ. ಅಲೆಯೊಂದು ಕೊಳವೆಯ ಈ ತುದಿಯಿಂದ ಆ ತುದಿಗೆ ಹೋಗಿ ಮರಳುವುದನ್ನು ಒಂದು ವಿಳಂಬ ಸಾಲಿನಲ್ಲಿ, ಅಂದರೆ ಸಂಕೇತವನ್ನು ಸ್ವಲ್ಪ ಹೊತ್ತು ಹಿಡಿದಿಟ್ಟು ಬಿಡುವ ಸಾಲಿನಲ್ಲಿ, ನಕಲು ಮಾಡುವುದೇ ಅದರ ಹುರುಳು.

ಲೆಕ್ಕದ ಹೊರೆ ಹೆಚ್ಚಿದ್ದರಿಂದ ವಿಎಲ್1ರಲ್ಲಿ ಒಮ್ಮೆಗೆ ಎರಡೇ ಸ್ವರ ನುಡಿಸಬಹುದಿತ್ತು. ತಮ್ಮನಾದ ವಿಎಲ್7ರಲ್ಲೂ ಆಮೇಲೆ ಬಂದ ಅರ್ಧ ರ‍್ಯಾಕ್ ಅಗಲದ ವಿಎಲ್70-ಎಂನಲ್ಲೂ ಒಂದೇ ಸ್ವರ. ಯಮಹಾ ಈ ವಿಧಾನಕ್ಕೆ ಇಟ್ಟ ಹೆಸರಿನಲ್ಲೇ 'ಸ್ವಯಂ ಆಂದೋಲನ' ಎಂಬ ಮಾತಿತ್ತು. ಊದುವ ಒತ್ತಡ ಒಂದು ಮಟ್ಟ ದಾಟಿದರೆ ಮಾತ್ರ ಮಾದರಿ ತಾನಾಗಿ ಕಂಪಿಸತೊಡಗುತ್ತದೆ, ಕಡಿಮೆಯಾದರೆ ಬರೀ ಗಾಳಿಯ ಸದ್ದು, ಜಾಸ್ತಿಯಾದರೆ ಮೇಲಿನ ಸ್ಥಾಯಿಗೆ ನೆಗೆಯುತ್ತದೆ. ಸ್ವಯಂ ಆಂದೋಲನ ಎಂಬ ಮಾತನ್ನು ನೆನಪಿಟ್ಟುಕೊಳ್ಳಿ, ಸಾಫ್ಟ್‌ವೇರ್ ಅಳೆಯುವಾಗ ಬೇಕಾಗುತ್ತದೆ.

ಏನೇನು ಬೇಕು

ಕಳೆದ ಏಳೆಂಟು ವರ್ಷಗಳಲ್ಲಿ ಕೊಂಡ ಯಾವುದೇ ಸಾಧಾರಣ ಲ್ಯಾಪ್‌ಟಾಪ್ ಸಾಕು. ಜೊತೆಗೆ ಒಂದು ಆಡಿಯೊ ಇಂಟರ್‌ಫೇಸ್ (ಕಂಪ್ಯೂಟರಿಗೆ ಧ್ವನಿ ಒಳಗೆ ಹೊರಗೆ ಸಾಗಿಸುವ ಪೆಟ್ಟಿಗೆ), 25 ಅಥವಾ ಹೆಚ್ಚು ಕೀಗಳಿರುವ ಮಿಡಿ ಕೀಬೋರ್ಡ್ (ನುಡಿಸಿದ್ದನ್ನು ಧ್ವನಿಯಾಗಿಯಲ್ಲ, ಸಂದೇಶವಾಗಿ ಕಳಿಸುವಂಥದ್ದು) ಇಲ್ಲವೇ ವಿಂಡ್ ಕಂಟ್ರೋಲರ್ (ಊದಿ ನುಡಿಸುವ ಮಿಡಿ ಸಾಧನ), ಮತ್ತು ಒಂದು ಡಾ. ಡಾ ಅಂದರೆ ಹಾಡನ್ನು ಮುದ್ರಿಸಿ ಜೋಡಿಸುವ ಸಾಫ್ಟ್‌ವೇರ್: ರೀಪರ್, ಲಾಜಿಕ್, ಏಬಲ್‌ಟನ್ ಲೈವ್, ಕ್ಯೂಬೇಸ್, ಯಾವುದಾದರೂ ಆದೀತು. ಕೊನೆಯದು, ಎಲ್ಲಕ್ಕಿಂತ ಮುಖ್ಯವಾದದ್ದು, ಸ್ವರ ನುಡಿಯುತ್ತಿರುವಾಗಲೇ ಸತತವಾಗಿ ಬದಲಾಗುವ ಮೌಲ್ಯ ಕಳಿಸುವ ಒಂದು ಸಾಧನ. ಬ್ರೆತ್ ಕಂಟ್ರೋಲರ್ (ಊದುವ ಒತ್ತಡ ಅಳೆದು ಕಳಿಸುವ ಸಾಧನ) ಇದ್ದರೆ ಉತ್ತಮ, ಎಕ್ಸ್‌ಪ್ರೆಶನ್ ಪೆಡಲ್ (ಕಾಲಿನಿಂದ ಏರಿಳಿಸುವಂಥದ್ದು) ಇದ್ದರೆ ಸರಿ, ಏನೂ ಇಲ್ಲದಿದ್ದರೆ ಕೀಬೋರ್ಡಿನಲ್ಲೇ ಇರುವ ಮಾಡ್ಯುಲೇಶನ್ ವೀಲ್ ಎಂಬ ಚಕ್ರ. ಕೀಬೋರ್ಡಿನ ವೆಲಾಸಿಟಿ, ಅಂದರೆ ಕೀ ಒತ್ತಿದ ವೇಗ, ಇದಕ್ಕೆ ಪ್ರಯೋಜನವಿಲ್ಲ. ಅದು ಸ್ವರದ ಆರಂಭದಲ್ಲಿ ಒಂದು ಸಲ ಹೋಗಿ ಮುಗಿಯುತ್ತದೆ.

ಹಂತ 1: ನಿಮಗೆ ಬೇಕಾದ ವಿಎಲ್ ಯಾವುದು?

ದುಡ್ಡು ಖರ್ಚು ಮಾಡುವ ಮೊದಲು ಇದನ್ನು ನಿರ್ಧರಿಸಿ.

ಕೆಲವರಿಗೆ ನಿಜವಾದ ಸ್ಯಾಕ್ಸೊಫೋನ್, ಕ್ಲಾರಿನೆಟ್, ಕೊಳಲು, ವಯಲಿನ್ ನುಡಿಸಿದಂತೆ ಕೇಳಬೇಕು. ಇನ್ನು ಕೆಲವರಿಗೆ ಬೇಕಿರುವುದು ವಿಎಲ್‌ನ ವಿಚಿತ್ರ ವಾದ್ಯಗಳು: ಮೂರಾಳು ಉದ್ದದ ಕೊಳವೆಗೆ ಕಮಾನು ಹಾಕಿದಂತಹ, ತಂತಿಗೆ ರೀಡ್ ಕಟ್ಟಿದಂತಹ, ಭೂಮಿಯ ಮೇಲಿಲ್ಲದ ಲೀಡ್ ಧ್ವನಿಗಳು. ಮೂರನೆಯವರಿಗೆ ಮೀಟುವ, ಬಡಿಯುವ ಧ್ವನಿ ಬೇಕು. ಇವರು ನಿಜಕ್ಕೂ ವಿಎಲ್ ಹುಡುಕುತ್ತಿಲ್ಲ, ಏಕೆಂದರೆ ವಿಎಲ್‌ನ ಬಲವಿದ್ದದ್ದು ಊದುವ ಮತ್ತು ಎಳೆಯುವ ವಾದ್ಯಗಳಲ್ಲಿ. ಹಾಗಿದ್ದೂ "ವಿಎಲ್ ಬೇಕು" ಎಂದು ಕೇಳುವವರಲ್ಲಿ ಇವರೂ ಇರುತ್ತಾರೆ, ಇವರ ಕೆಲಸ ಎಲ್ಲರದಕ್ಕಿಂತ ಸುಲಭ.

ಹಂತ 2: ಸಾಫ್ಟ್‌ವೇರ್ ಆಯ್ಕೆ

ನಿಜವಾದ್ಯದ ದಾರಿ. ಇಟಲಿಯ ಆಡಿಯೊ ಮಾಡೆಲಿಂಗ್ ಕಂಪನಿಯ ಸ್ವಾಮ್ ಸರಣಿಯನ್ನು ಮೊದಲು ನೋಡಿ. ಮರವಾದ್ಯ, ಹಿತ್ತಾಳೆ ವಾದ್ಯ, ತಂತಿವಾದ್ಯ ಎಂದು ಬೇರೆ ಬೇರೆ ಕಂತೆಗಳಿವೆ, ಒಂದೊಂದೇ ವಾದ್ಯವನ್ನೂ ಕೊಳ್ಳಬಹುದು. ಸ್ಯಾಂಪಲ್ ಸಂಗ್ರಹಗಳು ಹತ್ತಾರು ಜಿಬಿ ನುಂಗುವಲ್ಲಿ ಇವು ಡಿಸ್ಕಿನಲ್ಲಿ ಸಣ್ಣವು. ಊದುವ ವಾದ್ಯಗಳಲ್ಲಿ ಒಮ್ಮೆಗೆ ಒಂದೇ ಸ್ವರ, ವಿಎಲ್70-ಎಂ ಇದ್ದಂತೆಯೇ. ತಾಳ್ಮೆಯಿಂದ ಉಸಿರು ಜೋಡಿಸಿದರೆ ವಾದ್ಯದ ನೈಜತೆಯಲ್ಲಿ ಇವು ವಿಎಲ್ ಅನ್ನು ದಾಟಿ ಹೋಗಿವೆ ಎಂದೇ ಹೇಳಬೇಕು. ಆದರೆ ಸ್ವಾಮ್‌ನ ಸ್ಯಾಕ್ಸ್ ಸ್ಯಾಕ್ಸ್ ಆಗಿಯೇ ಇರುತ್ತದೆ. ಅದನ್ನು ಬಿಚ್ಚಿ ತಂತಿಗೆ ರೀಡ್ ಕಟ್ಟಲು ಬಿಡುವುದಿಲ್ಲ.

ವಿಚಿತ್ರ ವಾದ್ಯದ ದಾರಿ. ಮ್ಯಾಕ್ ಇದ್ದು ಲಾಜಿಕ್ ಪ್ರೊ ಇದ್ದರೆ ಹಣ ಕೊಡುವ ಅಗತ್ಯವೇ ಇಲ್ಲ. 2004ರಲ್ಲಿ ಲಾಜಿಕ್ 7ರೊಂದಿಗೆ ಬಂದ ಸ್ಕಲ್ಪ್ಚರ್ ಎಂಬ ಸಿಂಥ್ ಅದರೊಳಗೇ ಕೂತಿದೆ, ಬಹಳ ಜನ ತೆರೆದೂ ನೋಡಿರುವುದಿಲ್ಲ. ನಡುವೆ ಒಂದು ತಂತಿ, ಅದರ ಗುಣವನ್ನು ನೈಲಾನ್, ಮರ, ಉಕ್ಕು, ಗಾಜು ಎಂಬ ನಾಲ್ಕು ಮೂಲೆಗಳ ಚೌಕದಲ್ಲಿ ಒಂದು ಚೆಂಡನ್ನು ಎಳೆದು ನಿರ್ಧರಿಸುತ್ತೀರಿ. ತಂತಿಯನ್ನು ಕೆಣಕಲು ಮೂರು ಆಬ್ಜೆಕ್ಟ್‌ಗಳು. ಮೊದಲನೆಯದು ಕಂಪಿಸುವಂತೆ ಮಾಡಲು ಮಾತ್ರ, ಮೂರನೆಯದು ಕಂಪನಕ್ಕೆ ಅಡ್ಡಿಪಡಿಸಲು ಮಾತ್ರ, ಎರಡನೆಯದನ್ನು ಎರಡಕ್ಕೂ ಬಳಸಬಹುದು. ಬೋ (ಕಮಾನು ಎಳೆಯುವುದು) ಮತ್ತು ಬ್ಲೋ (ಊದುವುದು) ಎಂಬ ಬಗೆಗಳೇ ನಿಮ್ಮನ್ನು ವಿಎಲ್‌ನ ನೆರೆಗೆ ಕರೆದೊಯ್ಯುವವು.

(ಸ್ಕಲ್ಪ್ಚರ್ ಇದ್ದವರಿಗೆ ಒಂದು ಅಡ್ಡಮಾತು. ಅಡ್ಡಿಪಡಿಸುವ ಬಗೆಗಳಲ್ಲಿ ಬೌಂಡ್ ಎಂಬುದೊಂದಿದೆ, ತಂತಿಯ ಓಲಾಟಕ್ಕೆ ಗೋಡೆ ಕಟ್ಟುವಂಥದ್ದು. ಉಕ್ಕಿನ ಮೂಲೆಯ ತಂತಿಗೆ ಮೆಲ್ಲನೆ ಮೀಟುವ ಪಿಕ್ ಕೊಟ್ಟು, ಮೂರನೇ ಆಬ್ಜೆಕ್ಟನ್ನು ಬೌಂಡ್ ಮಾಡಿ ತಂತಿಯ ತುದಿಗೆ ತಳ್ಳಿ ನೋಡಿ. ತಂಬೂರಿಯ ಕುದುರೆಯ ಮೇಲೆ ತಂತಿಯಡಿ ನೂಲಿಟ್ಟಾಗ ಬರುವ ಝೇಂಕಾರದ ಹತ್ತಿರಕ್ಕೆ ಬರುತ್ತದೆ. ಸಿ. ವಿ. ರಾಮನ್ 1921ರಷ್ಟು ಹಿಂದೆಯೇ ತಂಬೂರಿ, ವೀಣೆಗಳ ಕುದುರೆಯ ಈ ವಿಶೇಷದ ಬಗ್ಗೆ ಪ್ರಬಂಧ ಬರೆದಿದ್ದರು. ಅವರು ಗುರುತಿಸಿದ್ದೂ ಇದನ್ನೇ: ತಂತಿ ಕುದುರೆಗೆ ಮತ್ತೆ ಮತ್ತೆ ತಗಲುವುದು.)

ಏಬಲ್‌ಟನ್ ಲೈವ್ ಸ್ವೀಟ್ ಆವೃತ್ತಿ ಇದ್ದವರಿಗೆ ಟೆನ್ಶನ್ ಎಂಬ ತಂತಿಮಾದರಿಯ ಸಿಂಥ್ ಇದೆ. ಕೆನಡಾದ ಮಾಂಟ್ರಿಯಲ್‌ನ ಅಪ್ಲೈಡ್ ಅಕೌಸ್ಟಿಕ್ಸ್ ಸಿಸ್ಟಮ್ಸ್ ಜೊತೆ ಸೇರಿ ಮಾಡಿದ್ದು ಅದು. ಬೋ ಆಯ್ದುಕೊಂಡರೆ ಫೋರ್ಸ್, ಫ್ರಿಕ್ಷನ್, ವೆಲಾಸಿಟಿ, ಪೊಸಿಷನ್ ಗುಂಡಿಗಳು ಸಿಗುತ್ತವೆ. ಇಲ್ಲಿನ ವೆಲಾಸಿಟಿ ಕಮಾನಿನ ವೇಗ, ಕೀ ಒತ್ತಿದ ವೇಗವಲ್ಲ. ಈ ಹೆಸರಿನ ಗೊಂದಲದಲ್ಲೇ ಅರ್ಧ ಜನ ಸಿಕ್ಕಿಬೀಳುತ್ತಾರೆ.

ಮೀಟುವ, ಬಡಿಯುವ ದಾರಿ. ಅಪ್ಲೈಡ್ ಅಕೌಸ್ಟಿಕ್ಸ್‌ನದೇ ಕ್ರೋಮಾಫೋನ್ ಮತ್ತು ಸ್ಟ್ರಿಂಗ್ ಸ್ಟುಡಿಯೊ, ಲೈವ್‌ನ ಕೊಲಿಶನ್. ಪಿಯಾನೊ ಬೇಕಿದ್ದರೆ ಫ್ರಾನ್ಸಿನ ಮೊಡಾರ್ಟ್ 2006ರಿಂದ ಬೆಳೆಸುತ್ತಿರುವ ಪಿಯಾನೊಟೆಕ್. ಅದು ಲಿನಕ್ಸ್‌ನಲ್ಲೂ ಓಡುತ್ತದೆ. ಈ ದಾರಿಯಲ್ಲಿ ಉಸಿರಿನ ತಲೆನೋವಿಲ್ಲ, ಹಂತ 4ನ್ನು ದಾಟಿ ಹೋಗಬಹುದು.

ಕಾಸಿಲ್ಲದ ದಾರಿ. ಸರ್ಜ್ ಎಕ್ಸ್‌ಟಿ ಪೂರ್ತಿ ಉಚಿತ, ಮುಕ್ತ ಮೂಲದ್ದು, ವಿಂಡೋಸ್, ಮ್ಯಾಕ್, ಲಿನಕ್ಸ್ ಮೂರರಲ್ಲೂ ಓಡುತ್ತದೆ. ಅದರ ಸ್ಟ್ರಿಂಗ್ ಎಂಬ ಆಸಿಲೇಟರ್ (ಧ್ವನಿ ಹುಟ್ಟಿಸುವ ಭಾಗ) ತಂತಿಯ ಮಾದರಿ. ವಿಸಿವಿ ರ‍್ಯಾಕ್ ಎಂಬ, ಬಿಡಿ ತುಣುಕುಗಳಿಂದ ಸಿಂಥ್ ಕಟ್ಟುವ ಸಾಫ್ಟ್‌ವೇರಿನ ಉಚಿತ ಆವೃತ್ತಿಯಲ್ಲಿ ಆಡಿಬಲ್ ಇನ್‌ಸ್ಟ್ರುಮೆಂಟ್ಸ್ ಕಂತೆಯ ಮೋಡಲ್ ಸಿಂಥಸೈಸರ್ ಹಾಕಿಕೊಂಡರೆ ಬೋ, ಬ್ಲೋ, ಸ್ಟ್ರೈಕ್ ಮೂರೂ ಒಂದೇ ಫಲಕದಲ್ಲಿ ಸಿಗುತ್ತವೆ. ಆದರೆ ಉಚಿತ ರ‍್ಯಾಕ್ ಡಾ ಒಳಗೆ ಪ್ಲಗಿನ್ ಆಗಿ ಕೂರುವುದಿಲ್ಲ, ಅದಕ್ಕೆ ಹಣ ಕೊಡುವ ಪ್ರೊ ಆವೃತ್ತಿಯೇ ಬೇಕು. ಕೋಡ್ ಬರೆಯಲು ಹೆದರದವರಿಗೆ ಸಿಸೌಂಡ್ ಇದೆ. ಅದರ ಬಗ್ಗೆ ಮುಂದೆ ಪ್ರತ್ಯೇಕವಾಗಿ ಬರೆದಿದ್ದೇನೆ.

ಒಂದು ಎಚ್ಚರಿಕೆ: ಇಲ್ಲಿ ಹೆಸರಿಸಿದ ಯಾವ ಸಾಫ್ಟ್‌ವೇರೂ ವಿಎಲ್‌ನ ವಾಯ್ಸ್ ಫೈಲುಗಳನ್ನು, ಅಂದರೆ ಅದರಲ್ಲಿ ಉಳಿಸಿಟ್ಟ ಧ್ವನಿಗಳನ್ನು, ಓದುವುದಿಲ್ಲ. ಹಳೆಯ ಫ್ಲಾಪಿಯಲ್ಲಿರುವ ನಿಮ್ಮ ನೆಚ್ಚಿನ ವಾಯ್ಸ್ ಬೇಕೆಂದರೆ ಅದಕ್ಕೆ ವಿಎಲ್ ಯಂತ್ರವೇ ಬೇಕು. ಕೊಳ್ಳುವ ಮೊದಲು ಡೆಮೊ ಇಳಿಸಿ ನುಡಿಸಿ. ವೀಡಿಯೊದಲ್ಲಿ ಕೇಳಿ ಮಾರುಹೋಗಬೇಡಿ, ಅಲ್ಲಿ ನುಡಿಸುತ್ತಿರುವವರ ಬಾಯಲ್ಲಿ ಬ್ರೆತ್ ಕಂಟ್ರೋಲರ್ ಇರುತ್ತದೆ.

ಹಂತ 3: ಕಂಪ್ಯೂಟರನ್ನು ಅಣಿ ಮಾಡುವುದು

ಸ್ಯಾಂಪಲ್ ರೇಟ್ 48000, ಬಫರ್ 128 ಇಡಿ. ಸ್ಯಾಂಪಲ್ ರೇಟ್ ಅಂದರೆ ಸೆಕೆಂಡಿಗೆ ಎಷ್ಟು ಧ್ವನಿ ಅಳತೆಗಳು ಎಂಬುದು, ಇಲ್ಲಿನ ಸ್ಯಾಂಪಲ್ ಮೇಲೆ ಹೇಳಿದ ಮುದ್ರಿಕೆಯಲ್ಲ. ಬಫರ್ ಅಂದರೆ ಕಂಪ್ಯೂಟರ್ ಒಂದು ಸಲಕ್ಕೆ ಲೆಕ್ಕ ಹಾಕಿ ಹೊರಬಿಡುವ ಧ್ವನಿಯ ಕಟ್ಟು. 128 ಇದ್ದರೆ 2.7 ಮಿಲಿಸೆಕೆಂಡ್ ತಡ, 512 ಇದ್ದರೆ 10.7. ಇಂಟರ್‌ಫೇಸಿನ ಸ್ವಂತ ವಿಳಂಬ ಇದರ ಮೇಲೆ ಸೇರುತ್ತದೆ. ಕೀಲಿ ಒತ್ತಿ ನುಡಿಸುವವರು 10 ಮಿಲಿಸೆಕೆಂಡ್ ಸಹಿಸಿಯಾರು. ಊದುವವರಿಗೆ ಅಷ್ಟೂ ಕಿರಿಕಿರಿ, ನಾಲಿಗೆಯ ಹೊಡೆತ ಮತ್ತು ಕಿವಿಯ ನಡುವೆ ರಬ್ಬರ್ ಕಟ್ಟಿದಂತಾಗುತ್ತದೆ. ವಿಂಡೋಸ್‌ನಲ್ಲಿ ಇಂಟರ್‌ಫೇಸ್ ತಯಾರಕರ ಎಎಸ್‌ಐಒ ಡ್ರೈವರನ್ನೇ ಹಾಕಿ.

ಸ್ಯಾಂಪಲ್ ರೇಟನ್ನು ಹಾಡಿನ ಮಧ್ಯೆ ಬದಲಿಸಬೇಡಿ. ಸ್ಯಾಂಪಲ್ ಆಧಾರಿತ ವಾದ್ಯಗಳಿಗೆ ಅದರಿಂದ ದೊಡ್ಡ ವ್ಯತ್ಯಾಸವಾಗದು. ಆದರೆ ಮಾದರಿಯೊಳಗಿನ ವಿಳಂಬ ಸಾಲುಗಳ ಉದ್ದ, ಫಿಲ್ಟರುಗಳ ನಡೆ ಅದರ ಮೇಲೆ ನಿಂತಿರುವುದರಿಂದ ಕೆಲವು ಪ್ಲಗಿನ್‌ಗಳ ನಾದದ ಬಣ್ಣವೇ ಬದಲಾಗುತ್ತದೆ.

ಹಂತ 4: ಉಸಿರಿನ ಜೋಡಣೆ

ಇಲ್ಲಿ ಅವಸರ ಬೇಡ.

ಮಿಡಿಯಲ್ಲಿ ಸತತ ಮೌಲ್ಯಗಳು ಸಿಸಿ ಎಂಬ ಸಂಖ್ಯೆಯ ವಿಳಾಸದಲ್ಲಿ ಓಡಾಡುತ್ತವೆ. ಸಿಸಿ 1 ಮಾಡ್ಯುಲೇಶನ್ ವೀಲ್, ಸಿಸಿ 2 ಬ್ರೆತ್, ಸಿಸಿ 7 ವಾಲ್ಯೂಮ್, ಸಿಸಿ 11 ಎಕ್ಸ್‌ಪ್ರೆಶನ್. ಪ್ರತಿಯೊಂದಕ್ಕೂ 0ಯಿಂದ 127ರವರೆಗೆ 128 ಮೆಟ್ಟಿಲು. ಯುಎಸ್‌ಬಿ ಬ್ರೆತ್ ಕಂಟ್ರೋಲರುಗಳು ಸಾಮಾನ್ಯವಾಗಿ ಸಿಸಿ 2 ಕಳಿಸುತ್ತವೆ. ಸ್ವಾಮ್ ವಾದ್ಯಗಳು ಸಿಸಿ 11 ಕಾಯುತ್ತಿರುತ್ತವೆ. ಹಾಗಾಗಿ ಹೊಸಬರ ಮೊದಲ ದೂರು ಯಾವಾಗಲೂ ಒಂದೇ: "ಪ್ಲಗಿನ್ ಹಾಕಿದೆ, ಕೀ ಒತ್ತಿದೆ, ಧ್ವನಿಯೇ ಇಲ್ಲ." ಪ್ಲಗಿನ್ ಕೆಟ್ಟಿಲ್ಲ. ಯಾರೂ ಊದುತ್ತಿಲ್ಲ, ಅಷ್ಟೆ. ಪ್ಲಗಿನ್‌ನ ಮಿಡಿ ಪುಟದಲ್ಲಿ ಎಕ್ಸ್‌ಪ್ರೆಶನ್ ಎಂಬ ಸಾಲಿಗೆ ನಿಮ್ಮ ಸಾಧನದ ಸಂಖ್ಯೆ ಕೊಡಿ.

ಈಗ ಅಳತೆ ಹೊಂದಿಸಿ. ಡಾ ಒಳಗೆ ಒಂದು ಟ್ರ್ಯಾಕಿನಲ್ಲಿ ಬರೀ ಸಿಸಿ 2 ಮುದ್ರಿಸಿಕೊಳ್ಳಿ. ಮೆಲ್ಲಗೆ ನಾಲ್ಕು ಸಲ, ಸಾಧಾರಣವಾಗಿ ನಾಲ್ಕು ಸಲ, ಶಕ್ತಿಮೀರಿ ನಾಲ್ಕು ಸಲ ಊದಿ. ಆಮೇಲೆ ಗೆರೆಯನ್ನು ನೋಡಿ. ಮೆಲ್ಲಗಿನ ಊದು 30ರಿಂದ 50, ಸಾಧಾರಣದ್ದು 70ರಿಂದ 90, ಜೋರಿನದ್ದು 120 ದಾಟಬೇಕು. ಸಾಧಾರಣ ಊದಿಗೇ 127 ತಾಗಿ ಮೇಲೆ ಚಪ್ಪಟೆಯಾಗಿದ್ದರೆ ಸಾಧನದ ಸಂವೇದನೆ ಇಳಿಸಿ. ಊದದೇ ಇದ್ದಾಗಲೂ 2, 3 ಎಂದು ತೇಲುತ್ತಿದ್ದರೆ ಕೆಳಮಿತಿಯನ್ನು ಅದಕ್ಕಿಂತ ಸ್ವಲ್ಪ ಮೇಲಿಡಿ. ಇಲ್ಲದಿದ್ದರೆ ಹಾಡು ಪೂರ್ತಿ ಸಣ್ಣ ಗಾಳಿ ಸದ್ದು ಹಿಂಬಾಲಿಸುತ್ತದೆ.

ಮುಂದೆ ಕರ್ವ್, ಅಂದರೆ ಒಳಬಂದ ಮೌಲ್ಯಕ್ಕೆ ಎಷ್ಟು ಹೊರಹೋಗಬೇಕು ಎಂಬ ಬಾಗುಗೆರೆ. ನೇರ ಗೆರೆಯಿಂದ ಆರಂಭಿಸಿ. ಮೆಲುದನಿ ಹಿಡಿತಕ್ಕೆ ಸಿಗದೆ ಒಮ್ಮೆಗೇ ಜೋರಾಗುತ್ತಿದ್ದರೆ ಗೆರೆಯ ನಡುವನ್ನು ಕೆಳಕ್ಕೆ ಎಳೆಯಿರಿ. ಊದಿ ಊದಿ ಕೆನ್ನೆ ನೋಯುತ್ತಿದ್ದರೆ ಮೇಲಕ್ಕೆ. ಧ್ವನಿ ಏರುವಾಗ ಮೆಟ್ಟಿಲು ಮೆಟ್ಟಿಲಾಗಿ 'ಕರಕರ' ಕೇಳಿದರೆ ಅದು 128 ಮೆಟ್ಟಿಲುಗಳ ಸದ್ದು. ಪ್ಲಗಿನ್‌ನಲ್ಲಿ ಸ್ಮೂದಿಂಗ್ ಇದ್ದರೆ 10ರಿಂದ 20 ಮಿಲಿಸೆಕೆಂಡ್ ಕೊಡಿ. ಅದಕ್ಕಿಂತ ಹೆಚ್ಚು ಕೊಟ್ಟರೆ ನಾಲಿಗೆಯ ಹೊಡೆತ ಮೊಂಡಾಗುತ್ತದೆ.

ಪೆಡಲ್ ಬಳಸುವವರು ಗಮನಿಸಿ: ಎಕ್ಸ್‌ಪ್ರೆಶನ್ ಪೆಡಲುಗಳ ತಂತಿ ಜೋಡಣೆ ಎಲ್ಲ ಕಂಪನಿಗಳಲ್ಲಿ ಒಂದೇ ಅಲ್ಲ. ಯಮಹಾ ಎಫ್‌ಸಿ7 ಮತ್ತು ರೋಲಂಡ್ ಇವಿ-5 ಎರಡರ ಪಿನ್ನಿನ ತುದಿ ಮತ್ತು ಉಂಗುರದ ಕ್ರಮ ಬೇರೆ. ಪೆಡಲ್ ಒತ್ತಿದಾಗ ಮೌಲ್ಯ ಒಂದು ಮೂಲೆಯಲ್ಲೇ ನೆಗೆದಾಡಿದರೆ ಪೆಡಲ್ ಹಾಳಾಗಿದೆ ಎಂದು ಎಸೆಯಬೇಡಿ, ಕೀಬೋರ್ಡಿನ ಸೆಟಿಂಗಿನಲ್ಲಿ ಪೆಡಲ್ ಬಗೆ ಬದಲಿಸಿ ನೋಡಿ.

ಬೆಸುಗೆ ಗೊತ್ತಿರುವವರು ಬ್ರೆತ್ ಕಂಟ್ರೋಲರನ್ನು ಮನೆಯಲ್ಲೇ ಮಾಡಿಕೊಳ್ಳಬಹುದು. ಎಂಪಿಎಕ್ಸ್‌ವಿ4006 ಎಂಬ ಒತ್ತಡ ಸಂವೇದಕ 0ಯಿಂದ 6 ಕಿಲೊಪ್ಯಾಸ್ಕಲ್ ಅಳೆಯುತ್ತದೆ, ಬಾಯಿಯ ಒತ್ತಡಕ್ಕೆ ಹೇಳಿಮಾಡಿಸಿದಂತಿದೆ. ಜೊತೆಗೆ ಯುಎಸ್‌ಬಿ ಮಿಡಿ ಬಲ್ಲ ಟೀನ್ಸಿಯಂತಹ ಸಣ್ಣ ಬೋರ್ಡ್. ಸಂವೇದಕ ಓಡುವುದು 5 ವೋಲ್ಟಿನಲ್ಲಿ, ಅದರ ಹೊರಸಂಕೇತವೂ ಪೂರ್ತಿ ಊದಿದಾಗ 5 ವೋಲ್ಟಿನ ಸನಿಹ ಹೋಗುತ್ತದೆ. 3.3 ವೋಲ್ಟಿನ ಬೋರ್ಡಿಗೆ ನೇರ ಕೊಟ್ಟರೆ ಪಿನ್ ಸುಡಬಹುದು. ಎರಡು ರೆಸಿಸ್ಟರ್ ಹಾಕಿ ವೋಲ್ಟೇಜ್ ಹಂಚಿ ಇಳಿಸಿ. ಕೊಳವೆಯನ್ನು ಸಂವೇದಕಕ್ಕೆ ನೇರ ಸಿಕ್ಕಿಸಬೇಡಿ. ನಡುವೆ 'ಟಿ' ಆಕಾರದ ಜೋಡುಕೊಳವೆ ಇಟ್ಟು ಒಂದು ಬಾಯಿಯನ್ನು ಸಣ್ಣ ರಂಧ್ರವಾಗಿ ಬಿಡಿ. ಗಾಳಿ ಹರಿದುಹೋಗದಿದ್ದರೆ ಊದುವುದು ಬಲೂನು ಊದಿದಂತಾಗುತ್ತದೆ, ಎಂಜಲೂ ಸಂವೇದಕದ ಬಾಯಿಗೇ ಹೋಗುತ್ತದೆ.

ಹಂತ 5: ಸರ್ಜ್ ಎಕ್ಸ್‌ಟಿಯಲ್ಲಿ ಒಂದು ಊದುವ ತಂತಿ

ಇದನ್ನು ಒಮ್ಮೆ ಕೈಯಾರೆ ಕಟ್ಟಿ. ಇಲ್ಲಿ ಕಲಿತದ್ದು ಉಳಿದ ಪ್ಲಗಿನ್‌ಗಳಲ್ಲೂ ಕೆಲಸಕ್ಕೆ ಬರುತ್ತದೆ.

1. ಟೆಂಪ್ಲೇಟ್ ವಿಭಾಗದಿಂದ ಇನಿಟ್ ಸಾ ತೆರೆಯಿರಿ. ಮೊದಲ ಆಸಿಲೇಟರಿನ ಬಗೆಯನ್ನು ಸ್ಟ್ರಿಂಗ್‌ಗೆ ಬದಲಿಸಿ.

2. ಎಕ್ಸೈಟರ್, ಅಂದರೆ ತಂತಿಯನ್ನು ಕೆಣಕುವ ಮೂಲ, ಕಾನ್‌ಸ್ಟಂಟ್ ನಾಯ್ಸ್ ಆಗಲಿ. ಬರ್ಸ್ಟ್ ಎಂದು ಆರಂಭವಾಗುವವು ಒಂದು ಸಲ ಮೀಟಿ ಬಿಡುತ್ತವೆ, ಅವು ಊದಲು ಬಾರವು.

3. ಎಕ್ಸೈಟರ್ ಲೆವೆಲ್ ಅನ್ನು ಸೊನ್ನೆಗೆ ಇಳಿಸಿ. ಕೆಳಗಿನ ಸಾಲಿನಲ್ಲಿ ಬ್ರೆತ್ ಗುಂಡಿ ಆಯ್ದು, ಅದನ್ನು ಇದೇ ಲೆವೆಲ್‌ಗೆ ಜೋಡಿಸಿ ಸುಮಾರು 60 ಶೇಕಡಾ ಎಳೆಯಿರಿ. ಈಗ ಊದದೆ ಸದ್ದಿಲ್ಲ.

4. ಸ್ಟ್ರಿಂಗ್ ಬ್ಯಾಲೆನ್ಸ್ ಪೂರ್ತಿ ಮೊದಲ ತಂತಿಯ ಕಡೆಗೆ. ಆ ತಂತಿಯ ಡಿಕೇ 90 ಶೇಕಡಾದ ಆಸುಪಾಸು. ಊದು ನಿಂತ ಮೇಲೂ ಸ್ವರ ಗಂಟೆಯಂತೆ ಗುನುಗಿದರೆ ಕಡಿಮೆ ಮಾಡಿ, ಬರೀ ಗಾಳಿ ಕೇಳಿ ಸ್ವರವೇ ಮೂಡದಿದ್ದರೆ ಹೆಚ್ಚಿಸಿ.

5. ಆಂಪ್ ಎನ್ವಲಪ್‌ನಲ್ಲಿ, ಅಂದರೆ ಸ್ವರದ ಸದ್ದಿನ ಏರಿಳಿತ ನಿರ್ಧರಿಸುವ ಕಡೆ, ಅಟ್ಯಾಕ್ (ಏರುವ ಹೊತ್ತು) ಕನಿಷ್ಠ, ಸಸ್ಟೇನ್ (ನಿಲ್ಲುವ ಮಟ್ಟ) 100 ಶೇಕಡಾ, ರಿಲೀಸ್ (ಆರುವ ಹೊತ್ತು) 100 ಮಿಲಿಸೆಕೆಂಡಿನ ಹತ್ತಿರ. ಧ್ವನಿಯ ಏರಿಳಿತ ಉಸಿರಿನ ಕೆಲಸ, ಎನ್ವಲಪ್ ಅಡ್ಡ ಬರಬಾರದು. ವೆಲಾಸಿಟಿಯಿಂದ ಧ್ವನಿ ಜೋರಾಗುವ ಜೋಡಣೆ ಇದ್ದರೆ ತೆಗೆಯಿರಿ.

6. ಫಿಲ್ಟರ್ 1ರಲ್ಲಿ 12 ಡಿಬಿ ಲೋಪಾಸ್ (ಕಟಾಫ್ ಎಂಬ ಗಡಿಯ ಮೇಲಿನ ಕಂಪನಗಳನ್ನು ತಗ್ಗಿಸುವಂಥದ್ದು) ಹಾಕಿ, ಕಟಾಫ್ 800 ಹರ್ಟ್ಸ್. ಬ್ರೆತ್ ಅನ್ನು ಕಟಾಫ್‌ಗೂ ಜೋಡಿಸಿ 36 ಸೆಮಿಟೋನ್, ಅಂದರೆ ಮೂರು ಸ್ಥಾಯಿ, ಮೇಲೇರುವಂತೆ ಮಾಡಿ. ನಿಜವಾದ ಊದುವಾದ್ಯದಲ್ಲಿ ಜೋರು ಅಂದರೆ ಬರೀ ದೊಡ್ಡ ಸದ್ದಲ್ಲ, ಹೊಳಪೂ ಹೌದು. ಈ ಒಂದು ಜೋಡಣೆ ಬಿಟ್ಟರೆ ಇಡೀ ಪ್ಯಾಚ್ ಆಟಿಕೆಯಂತೆ ಕೇಳುತ್ತದೆ.

7. ಅಲೆಯನ್ನು ಹಿಂಡಿ ಒರಟು ಮಾಡುವ ವೇವ್‌ಶೇಪರನ್ನು ಸಾಫ್ಟ್ ಬಗೆಗಿಟ್ಟು ಡ್ರೈವ್‌ಗೆ ಸ್ವಲ್ಪ ಬ್ರೆತ್ ಕೊಡಿ. ಜೋರು ಊದಿನಲ್ಲಿ ಗಂಟಲು ಕಟ್ಟಿದಂತಹ ಒರಟುತನ ಬರುತ್ತದೆ.

8. ಪ್ಲೇ ಮೋಡ್ ಅನ್ನು ಮೊನೊ ಎಸ್‌ಟಿ ಪ್ಲಸ್ ಎಫ್‌ಪಿಗೆ ಇಡಿ. ಒಂದು ಕೀ ಬಿಡುವ ಮೊದಲೇ ಇನ್ನೊಂದು ಒತ್ತಿದರೆ ಸ್ವರ ಹೊಸದಾಗಿ ಆರಂಭವಾಗದೆ ಜಾರಿಕೊಂಡು ಹೋಗುತ್ತದೆ.

ಈಗ ಒಂದು ಕೀ ಒತ್ತಿಹಿಡಿದು ನಾಲ್ಕು ಸೆಕೆಂಡಿನಲ್ಲಿ ಉಸಿರನ್ನು ಸೊನ್ನೆಯಿಂದ ತುದಿಗೆ ಒಯ್ಯಿರಿ. ಮೊದಲು ಮಂಕಾದ ಗಾಳಿ, ಆಮೇಲೆ ಸ್ವರ, ಕೊನೆಗೆ ಹೊಳಪು ಬರಬೇಕು. ಸ್ಟಿಫ್‌ನೆಸ್ ಗುಂಡಿಯನ್ನು ಸೊನ್ನೆಯ ಎರಡೂ ಕಡೆಗೆ ಕೂದಲೆಳೆಯಷ್ಟು ಜರುಗಿಸುತ್ತ ಕೇಳಿ. ಹೆಚ್ಚು ತಿರುಗಿಸಿದರೆ ಸ್ವರ ಸಣಕಲಾಗುತ್ತದೆ ಇಲ್ಲವೇ ಮುಳುಗುತ್ತದೆ.

ಮುಚ್ಚುಮರೆ ಬೇಡ: ಇದು ಸ್ವಯಂ ಆಂದೋಲನವಲ್ಲ. ಗದ್ದಲವನ್ನು ತಂತಿಯ ಮೂಲಕ ಸೋಸಿ ಸ್ವರ ಮಾಡುತ್ತಿದ್ದೇವೆ. ಎಷ್ಟೇ ಜೋರಾಗಿ ಊದಿದರೂ ಮೇಲಿನ ಸ್ಥಾಯಿಗೆ ನೆಗೆಯದು, ಸ್ವರ ಒಡೆಯದು. ಆ ಒಡೆತವೇ ಬೇಕೆಂದರೆ ಸ್ಕಲ್ಪ್ಚರಿಗೆ ಅಥವಾ ಸಿಸೌಂಡಿಗೆ ಹೋಗಿ. ಸ್ಕಲ್ಪ್ಚರಿನಲ್ಲಿ ಮೊದಲ ಆಬ್ಜೆಕ್ಟನ್ನು ಬೋ ಬಗೆಗಿಟ್ಟು, ಕಂಟ್ರೋಲ್ ಎ ಎಂಬುದಕ್ಕೆ ಸಿಸಿ 2 ಕೊಟ್ಟು, ಅದರ ಗುರಿಯಾಗಿ ಮೊದಲ ಆಬ್ಜೆಕ್ಟಿನ ಸ್ಟ್ರೆಂತ್ ಆಯ್ಕೆ ಮಾಡಿದರೆ ಉಸಿರು ನೇರ ಕಮಾನಿಗೆ ಸಿಗುತ್ತದೆ.

ಸಿಸೌಂಡಿನವರಿಗೆ ಮೂರು ಅಳತೆ

ಸಿಸೌಂಡಿನಲ್ಲಿ ಕ್ಲಾರಿನೆಟ್, ಕೊಳಲು, ಕಮಾನುತಂತಿಗಳಿಗೆ ತಯಾರಾದ ಮಾದರಿಗಳಿವೆ: ಡಬ್ಲ್ಯುಜಿಕ್ಲಾರ್, ಡಬ್ಲ್ಯುಜಿಫ್ಲೂಟ್, ಡಬ್ಲ್ಯುಜಿಬೋ. ಇವುಗಳಲ್ಲಿ ಧ್ವನಿಯೇ ಬರದಿರಲು ಸಾಮಾನ್ಯ ಕಾರಣ ಮೌಲ್ಯ ಹಳಿತಪ್ಪಿರುವುದು. ಕ್ಲಾರಿನೆಟ್ಟಿನ ರೀಡಿನ ಬಿಗುವು ಋಣಸಂಖ್ಯೆಯೇ ಆಗಿರಬೇಕು, ಮೈನಸ್ 0.3ರಿಂದ ಆರಂಭಿಸಿ, ಮೈನಸ್ 0.44ರಿಂದ ಮೈನಸ್ 0.18ರ ನಡುವೆ ಆಡಿ. ಕೊಳಲಿನ ಜೆಟ್ 0.3, ಆಟದ ಜಾಗ 0.08ರಿಂದ 0.56. ಕಮಾನಿನ ಒತ್ತಡ 3, ಮಿತಿ 1ರಿಂದ 5, ಕಮಾನಿನ ಜಾಗ 0.127. ಊದುವ ಬಲಕ್ಕೆ ಬ್ರೆತ್ ಕೊಡಿ, ಬಿಗುವಿಗೆ ಮಾಡ್ಯುಲೇಶನ್ ವೀಲ್.

ತಾವೇ ವಿಳಂಬ ಸಾಲು ಬರೆದು ತಂತಿ ಮಾಡುವವರಿಗೆ ಒಂದು ಹಳ್ಳ ಕಾದಿದೆ. 48000 ಸ್ಯಾಂಪಲ್ ರೇಟಿನಲ್ಲಿ 440 ಹರ್ಟ್ಸ್ ಸ್ವರಕ್ಕೆ ಬೇಕಾದ ಉದ್ದ 109.09 ಸ್ಯಾಂಪಲ್. ದಶಾಂಶ ಬಿಟ್ಟು 109 ಎಂದರೆ ಒಂದೂವರೆ ಸೆಂಟ್ ತಪ್ಪು, ಕಿವಿಗೆ ಬೀಳದು. ಎರಡು ಸ್ಥಾಯಿ ಮೇಲೆ, 1760 ಹರ್ಟ್ಸ್‌ಗೆ ಬೇಕಾದದ್ದು 27.27. ಅಲ್ಲಿ 27 ಎಂದರೆ 17 ಸೆಂಟ್ ಮೇಲೇರಿ ಅಪಶ್ರುತಿಯಾಗುತ್ತದೆ. ಸೆಂಟ್ ಅಂದರೆ ಸೆಮಿಟೋನಿನ ನೂರನೇ ಒಂದು ಪಾಲು. ಆದ್ದರಿಂದ ದಶಾಂಶವನ್ನೂ ಲೆಕ್ಕಕ್ಕೆ ಹಿಡಿಯುವ ವಿಳಂಬ ಸಾಲನ್ನೇ ಬಳಸಿ, ಒಳಗಿನ ಫಿಲ್ಟರಿನ ವಿಳಂಬವನ್ನೂ ಕಳೆಯಿರಿ.

ಹಂತ 6: ಜಾರು, ಗಮಕ

ಸುಗಮ ಸಂಗೀತಕ್ಕೋ ಕರ್ನಾಟಕ ಸಂಗೀತಕ್ಕೋ ಇದನ್ನು ಬಳಸಬೇಕೆನ್ನುವವರಿಗೆ ಪಿಚ್ ಬೆಂಡ್, ಅಂದರೆ ಕೀಬೋರ್ಡಿನ ಚಕ್ರದಿಂದ ಸ್ವರವನ್ನು ಮೇಲೆ ಕೆಳಗೆ ಬಾಗಿಸುವುದರ, ಬಗ್ಗೆ ಎರಡು ಮಾತು. ಪ್ಲಗಿನ್‌ಗಳಲ್ಲಿ ಮೊದಲೇ ಇರುವ ಬೆಂಡ್ ವ್ಯಾಪ್ತಿ ಹೆಚ್ಚಾಗಿ 2 ಸೆಮಿಟೋನ್. ತೋಡಿಯ ಗಾಂಧಾರವನ್ನು ಮಧ್ಯಮದವರೆಗೆ ಮುಟ್ಟಿಸಿ ತರಲು ಅಷ್ಟು ಸಾಕು. ದೊಡ್ಡ ಜಾರುಗಳಿಗೆ ಸಾಲದು, ಆಗ 12ಕ್ಕೆ ಏರಿಸಬೇಕೆನಿಸುತ್ತದೆ. ಏರಿಸುವ ಮೊದಲು ಕೀಬೋರ್ಡನ್ನು ಪರೀಕ್ಷಿಸಿ. ಮಿಡಿಯ ಬೆಂಡ್ ಸಂದೇಶಕ್ಕೆ 16384 ಮೆಟ್ಟಿಲುಗಳಿದ್ದರೂ ಅಗ್ಗದ ಕೀಬೋರ್ಡುಗಳ ಚಕ್ರ 128 ಮೆಟ್ಟಿಲು ಮಾತ್ರ ಕಳಿಸುವುದುಂಟು. 12 ಸೆಮಿಟೋನ್ ವ್ಯಾಪ್ತಿಯಲ್ಲಿ ಅಂಥ ಚಕ್ರದ ಒಂದು ಮೆಟ್ಟಿಲು 18.75 ಸೆಂಟ್. ಜಾರು ಹೋಗಿ ಏಣಿಯಾಗುತ್ತದೆ. 2 ಸೆಮಿಟೋನಿನಲ್ಲಿ ಅದೇ ಮೆಟ್ಟಿಲು 3 ಸೆಂಟ್, ನಡೆಯುತ್ತದೆ. ಹಾಗಾಗಿ ಅಂಥ ಕೀಬೋರ್ಡಿನವರು ಸಣ್ಣ ಗಮಕಗಳಿಗೆ ಚಕ್ರವನ್ನೂ ದೊಡ್ಡ ಜಾರಿಗೆ ಮೇಲೆ ಹೇಳಿದ ಮೊನೊ ಜಾರಿಕೆಯನ್ನೂ ಬಳಸುವುದು ಕ್ಷೇಮ.

ಗಮಕದ ಜೊತೆ ಉಸಿರೂ ಸ್ವಲ್ಪ ಬಳುಕಲಿ. ಚಕ್ರ ಮಾತ್ರ ಆಡಿ ಉಸಿರು ನೇರ ಗೆರೆಯಾಗಿದ್ದರೆ ಕೊಳಲಿನ ಬದಲು ಸೈರನ್ ಕೇಳುತ್ತದೆ. ಸ್ವರವನ್ನು ಯಾಂತ್ರಿಕವಾಗಿ ಅಲುಗಿಸುವ ಎಲ್‌ಎಫ್‌ಒ ವೈಬ್ರೇಟೊವನ್ನು ಪೂರ್ತಿ ಆರಿಸಿಬಿಡಿ.

ಎಡವುವ ಜಾಗಗಳು

ಸ್ವರ ಕೆಲವು ಕೀಗಳಲ್ಲಿ ಮಾತ್ರ ಮೂಡುವುದಿಲ್ಲ: ಮಾದರಿ ಕಂಪಿಸುವ ಮಿತಿಯಿಂದ ಹೊರಗಿದೆ. ರೀಡಿನ ಬಿಗುವು ಅಥವಾ ಕಮಾನಿನ ಒತ್ತಡ ಇಳಿಸಿ. ಎತ್ತರದ ಸ್ವರಕ್ಕೆ ಒತ್ತಡ ಬದಲಾಗುವಂತೆ ಕೀಟ್ರ್ಯಾಕ್ (ಕೀಯ ಎತ್ತರಕ್ಕೆ ತಕ್ಕಂತೆ ಬದಲಾಗುವ ಮೌಲ್ಯ) ಜೋಡಿಸಿದರೆ ಶಾಶ್ವತ ಪರಿಹಾರ.

ಒಮ್ಮೆಲೇ ಕಿವಿ ಹರಿಯುವ ಸದ್ದು: ಹೊರಬಂದ ಸಂಕೇತ ಮತ್ತೆ ಒಳಹೋಗುವ ಮರುಹರಿವಿನ ಮಾದರಿಗಳ ಹುಟ್ಟುಗುಣ. ಹೆಡ್‌ಫೋನ್ ಹಾಕಿಕೊಂಡು ಪ್ರಯೋಗ ಮಾಡುವ ಮೊದಲು ಟ್ರ್ಯಾಕಿನ ಕೊನೆಗೆ ಸದ್ದು ಮಿತಿ ದಾಟದಂತೆ ತಡೆಯುವ ಲಿಮಿಟರನ್ನು ಮೈನಸ್ 1 ಡಿಬಿಗೆ ಇಡಿ. ಇದನ್ನು ಉಪೇಕ್ಷಿಸಬೇಡಿ.

ಹಾಡನ್ನು ಮಧ್ಯದಿಂದ ಓಡಿಸಿದರೆ ಧ್ವನಿ ಇಲ್ಲ: ಹಿಂದೆ ಬರೆದ ಸಿಸಿ ಮೌಲ್ಯವನ್ನು ಡಾ ಮರಳಿ ಕಳಿಸುತ್ತಿಲ್ಲ. ಸೆಟಿಂಗಿನಲ್ಲಿ ಚೇಸ್ ಎಂಬುದನ್ನು ಸಿಸಿಗಳಿಗೂ ಆನ್ ಮಾಡಿ.

ಊದಿದಷ್ಟೂ ಧ್ವನಿ ಎರಡು ಪಟ್ಟು ನೆಗೆಯುತ್ತದೆ: ಒಂದೇ ಉಸಿರು ಪ್ಲಗಿನ್‌ಗೂ ಟ್ರ್ಯಾಕಿನ ವಾಲ್ಯೂಮಿಗೂ ಹೋಗುತ್ತಿದೆ. ವಾಲ್ಯೂಮಿನ ಜೋಡಣೆ ಕಿತ್ತುಹಾಕಿ.

ನಾಲ್ಕು ಸ್ಯಾಕ್ಸ್ ಸೇರಿಸಿದರೂ ಗುಂಪು ಅನಿಸದೆ ಪೊಳ್ಳಾಗಿ ಕೇಳುತ್ತದೆ: ಒಂದೇ ಮಿಡಿಯನ್ನು ನಾಲ್ಕು ಟ್ರ್ಯಾಕಿಗೆ ನಕಲು ಮಾಡಿದ್ದೀರಿ. ಅಲೆಗಳು ಹೆಚ್ಚುಕಡಿಮೆ ಒಂದೇ ಆದ್ದರಿಂದ ಗುಂಪಿನ ಬದಲು ಸದ್ದು ಮಾತ್ರ ಹೆಚ್ಚುತ್ತದೆ, ಸ್ವಲ್ಪ ಹಿಂದುಮುಂದಾದರೆ ಒಂದನ್ನೊಂದು ತಿನ್ನುತ್ತವೆ. ನಾಲ್ಕು ಸಲವೂ ಬೇರೆಯಾಗಿ ಊದಿ ಮುದ್ರಿಸಿ. ಬೇರೆ ದಾರಿಯಿಲ್ಲ.

ಒಣಗಿದ ಧ್ವನಿ: ಇಂಥ ಪ್ಲಗಿನ್‌ಗಳು ಕೋಣೆಯ ಗಾಳಿ ಇಲ್ಲದೆ ಬರುತ್ತವೆ. ಒಂದು ಸೆಕೆಂಡಿಗಿಂತ ಕಡಿಮೆಯ ಸಣ್ಣ ಕೋಣೆಯ ರಿವರ್ಬ್ (ಮಾರ್ದನಿ) ಮೊದಲು, ದೊಡ್ಡ ಸಭಾಂಗಣ ಬೇಕಿದ್ದರೆ ಆಮೇಲೆ.

ಇಷ್ಟಾದ ಮೇಲೂ ಯಂತ್ರವೇ ಬೇಕೆನ್ನುವವರಿಗೆ

ವಿಎಲ್‌ನ ವಾಯ್ಸ್‌ಗಳೇ ಬೇಕು, ವೇದಿಕೆಯಲ್ಲಿ ಲ್ಯಾಪ್‌ಟಾಪ್ ಬೇಡ ಎನ್ನುವವರು ವಿಎಲ್1ರ ಹಿಂದೆ ಬೀಳುವುದಕ್ಕಿಂತ ಹಳೆಯ ವಿಎಲ್70-ಎಂ ಹುಡುಕಲಿ. ಸಣ್ಣದು, ಹಗುರ, ಫ್ಲಾಪಿ ಡ್ರೈವಿನ ಗೋಳಿಲ್ಲ. ಯಮಹಾದ ಮೊದಲ ತಲೆಮಾರಿನ ಮೋಟಿಫ್ ಅಥವಾ ಮೋಟಿಫ್ ಇಎಸ್ ಸಿಂಥ್ ಇದ್ದವರಿಗೆ ಒಳಗೆ ಕೂರಿಸುವ ಪಿಎಲ್‌ಜಿ150-ವಿಎಲ್ ಬೋರ್ಡೂ ಒಂದು ದಾರಿ. ಕೊಳ್ಳುವಾಗ ಪರದೆಯ ಬೆಳಕು, ಒಳಗಿನ ಬ್ಯಾಟರಿ, ಮುಂಬದಿಯ ಬ್ರೆತ್ ಮತ್ತು ಡಬ್ಲ್ಯುಎಕ್ಸ್ (ಯಮಹಾದ ವಿಂಡ್ ಕಂಟ್ರೋಲರ್) ಜ್ಯಾಕ್‌ಗಳನ್ನು ನೋಡಿ. ಬರೀ ಕೀಬೋರ್ಡ್ ಜೋಡಿಸಿ "ಧ್ವನಿ ಬರ್ತಿದೆ ನೋಡಿ ಸಾರ್" ಎಂದರೆ ಒಪ್ಪಬೇಡಿ. ಬ್ರೆತ್ ಜ್ಯಾಕಿಗೆ ಸಾಧನ ಸಿಕ್ಕಿಸಿ, ಮೆಲ್ಲಗಿಂದ ಜೋರಿಗೆ ಒಂದು ಸ್ವರ ಊದಿ, ನಡುವೆ ಕತ್ತರಿಸದೆ ಏರುತ್ತದೆಯೇ ಎಂದು ಕೇಳಿದ ಮೇಲೆಯೇ ಹಣ ಕೊಡಿ.